ಕಾಳಿಗೆ ಬಿಟ್ಟ ಎರಡು ಖಂಡುಗ ಗದ್ದೆ

ಮೊನ್ನೆ ನಮ್ಮ ಬಡಾವಣೆಯ ವಾಟ್ಸಾಪ್ ಗ್ರೂಪಿಗೆ ಒಂದು ವಿಡಿಯೋ ಬಂತು. ಯಾರೋ ಒಬ್ಬರು ಬೀದಿನಾಯಿಗೆ ದೊಣ್ಣೆಯಲ್ಲಿ ಬಡಿಯುತ್ತಿದ್ದರು. ಅದರ ಕೆಳಗೆ ಇನ್ನೊಬ್ಬರು ಬರೆದಿದ್ದರು: "ನಾವೇನು ಮಧ್ಯಯುಗದಲ್ಲಿ ಇದ್ದೀವಾ?"

ಅವರ ಸಿಟ್ಟು ನನ್ನದೂ ಹೌದು. ಆದರೆ ಆ ಮಾತು ಎರಡು ದಿನ ತಲೆಯಿಂದ ಇಳಿಯಲೇ ಇಲ್ಲ. ಯಾಕಂದ್ರೆ ನಾನು ಮಂಡ್ಯ ಕಡೆಯವನು. ನಮ್ಮ ಕಡೆಯ ಮಧ್ಯಯುಗದಲ್ಲಿ ಒಂದು ನಾಯಿ ಸತ್ತಾಗ ಗುಡಿಯ ಮುಂದೆ ಕಲ್ಲು ನಿಲ್ಲಿಸಿದ್ದರು. ಕೆರೆಯ ಕೆಳಗಿನ ಜಮೀನು ಬಿಟ್ಟಿದ್ದರು. ಆ ಕಲ್ಲು ಇವತ್ತಿಗೂ ಇದೆ.

ನಾಯಿಯ ಹೆಸರು ಕಾಳಿ. ಊರು ಮದ್ದೂರು ತಾಲೂಕಿನ ಆತಕೂರು. ಕಲ್ಲಿನ ಮೇಲಿರುವುದು ಶಕವರ್ಷ 872. ನಮ್ಮ ಲೆಕ್ಕದಲ್ಲಿ ಕ್ರಿ.ಶ. 949-50. ಕಲ್ಲು ಈಗ ಬೆಂಗಳೂರಿನ ಕಸ್ತೂರಬಾ ರಸ್ತೆಯ ಸರ್ಕಾರಿ ಮ್ಯೂಸಿಯಂಗೆ ಸೇರಿದೆ. ಕೆಲವು ವರ್ಷಗಳ ಹಿಂದೆ ಅದರ ಮುಂದೆ ನಿಂತಾಗ ನನಗೆ ಮೊದಲು ಕಣ್ಣಿಗೆ ಬಿದ್ದದ್ದು ಅಕ್ಷರ ಅಲ್ಲ. ನಾಯಿ ಮತ್ತು ಹಂದಿ. ಒಂದರ ಮೇಲೊಂದು ಬಿದ್ದು ಕಾದಾಡುತ್ತಿವೆ. ರಾಜನ ಚಿತ್ರ ಇಲ್ಲ, ದೇವರ ಚಿತ್ರ ಇಲ್ಲ.

ಕಥೆ ಶುರುವಾಗುವುದು ದೊಡ್ಡ ಯುದ್ಧದಿಂದ. ರಾಷ್ಟ್ರಕೂಟರ ಮೂರನೆಯ ಕೃಷ್ಣ ಚೋಳರ ಮೇಲೆ ದಂಡೆತ್ತಿ ಹೋಗುತ್ತಾನೆ. ಶಾಸನದಲ್ಲಿ ಅವನು ಕನ್ನರದೇವ. ಈಗ ತಮಿಳುನಾಡಿನಲ್ಲಿರುವ ತಕ್ಕೋಲದಲ್ಲಿ ಯುದ್ಧ. ನಮ್ಮ ಗಂಗರ ಅರಸು ಇಮ್ಮಡಿ ಬೂತುಗ ಕೃಷ್ಣನ ಪರವಾಗಿ ನಿಂತು ಚೋಳ ರಾಜಾದಿತ್ಯನನ್ನು ಕೊಲ್ಲುತ್ತಾನೆ. ದಕ್ಷಿಣ ಭಾರತದ ಚರಿತ್ರೆಯ ದೊಡ್ಡ ತಿರುವು ಅದು. ಬೂತುಗನಿಗೆ ಬನವಾಸಿ ಪನ್ನಿರ್ಚ್ಛಾಸಿರ (ಹನ್ನೆರಡು ಸಾವಿರ), ಬೆಳ್ವೊಲ ಮುನ್ನೂರು, ಪುರಿಗೆರೆ ಮುನ್ನೂರು ಅಂತ ನಾಡಿಗೆ ನಾಡೇ ಸಿಕ್ಕಿತು.

ಬೂತುಗನ ಕೆಳಗೆ ಮಣಲೆರ ಅಂತ ಒಬ್ಬ ವೀರ ಇದ್ದ. ಆ ಯುದ್ಧದಲ್ಲಿ ಅವನೂ ಚೆನ್ನಾಗಿ ಕಾದಿದ. ಬೂತುಗ ಸಂತೋಷಪಟ್ಟು, ಮೆಚ್ಚಿದೆ, ಏನು ಬೇಕೋ ಕೇಳಿಕೋ ಅಂದ.

ಸುಮ್ನೆ ಒಂದು ಕ್ಷಣ ಯೋಚನೆ ಮಾಡಿ. ಗೆದ್ದ ಅರಸು ಎದುರಿಗೆ ನಿಂತು ಕೇಳಿಕೋ ಅನ್ನುತ್ತಿದ್ದಾನೆ. ಊರು ಕೇಳಬಹುದಿತ್ತು, ಚಿನ್ನ ಕೇಳಬಹುದಿತ್ತು. ಮಣಲೆರ ಕೇಳಿದ್ದು ಅರಸನ ಬೇಟೆನಾಯಿಯನ್ನು. ಕಾಳಿಯನ್ನು ದಯಪಾಲಿಸಿ ಅಂದ. ಅದನ್ನೇ ಪಡೆದ. (ಆತಕೂರು ಹನ್ನೆರಡು ಅನ್ನುವ ನಾಡು ಮತ್ತು ಬೆಳ್ವೊಲದ ಕಾಡಿಯೂರು ಅನ್ನುವ ಊರನ್ನು ಬೂತುಗ ಅವನಿಗೆ ಬಾಳ್ಗಚ್ಚು ಕೊಟ್ಟ ಅನ್ನುವುದೂ ಅದೇ ಕಲ್ಲಿನಲ್ಲಿದೆ. ಬಾಳ್ಗಚ್ಚು ಅಂದರೆ ಕಾದಿದವನ ಕತ್ತಿ ತೊಳೆದು ಕೊಡುವ ಉಂಬಳಿ. ಎಂಥಾ ಪದ ಅಲ್ವಾ!)

ಆಮೇಲೆ ಒಂದು ದಿನ ಬೆಳತೂರಿನ ಪಡುವಣ ದಿಕ್ಕಿನ ಮೊರಡಿಯಲ್ಲಿ, ಅಂದರೆ ಕಲ್ಲುಗುಡ್ಡದಲ್ಲಿ, ಬೇಟೆ. ದೊಡ್ಡ ಹಂದಿಯೊಂದು ಎದ್ದಿತು. ಕಾಳಿಯನ್ನು ಅದರ ಮೇಲೆ ಬಿಟ್ಟರು. ಮುಂದೆ ಏನಾಯಿತು ಅನ್ನುವುದನ್ನು ಶಾಸನ ಎರಡೇ ಮಾತಿನಲ್ಲಿ ಹೇಳುತ್ತದೆ. ಹಂದಿಯೂ ನಾಯಿಯೂ "ಒಡಸತ್ತುವು". ಒಟ್ಟಿಗೇ ಸತ್ತವು.

ಈ ಪದದ ಹತ್ತಿರ ನಾನು ಎಷ್ಟೋ ಹೊತ್ತು ನಿಂತಿದ್ದೇನೆ. ನಾಯಿ ಗೆದ್ದಿತು ಅಂತ ಬರೆಯಬಹುದಿತ್ತು. ನಮ್ಮ ನಾಯಿ ಸ್ವರ್ಗಕ್ಕೆ ಹೋಯಿತು, ಹಂದಿ ಮಣ್ಣುಪಾಲಾಯಿತು ಅಂತ ಬರೆಯಬಹುದಿತ್ತು. ಬರೆಸಿದವನು ಹಾಗೆ ಮಾಡಲಿಲ್ಲ. ಕೊಂದದ್ದಕ್ಕೂ ಸತ್ತದ್ದಕ್ಕೂ ಒಂದೇ ಕ್ರಿಯಾಪದ. ಎರಡೂ ಪ್ರಾಣಿಗಳ ಸಾವನ್ನು ಒಂದೇ ತಕ್ಕಡಿಯಲ್ಲಿ ಇಟ್ಟಿದ್ದಾನೆ.

ಆಮೇಲೆ ಆತಕೂರಿನ ಚಲ್ಲೇಶ್ವರ ಗುಡಿಯ ಮುಂದೆ ಕಲ್ಲು ನಿಲ್ಲಿಸಿದರು. ಹಿರಿಯ ಕೆರೆಯ ಕೆಳಗೆ ಎರಡು ಖಂಡುಗ ಭೂಮಿ ಬಿಟ್ಟರು. ಖಂಡುಗ ಅಂದರೆ ಇಪ್ಪತ್ತು ಕೊಳಗ. ಅಷ್ಟು ಬೀಜ ಬಿತ್ತಲು ಬೇಕಾಗುವ ನೆಲವನ್ನೂ ಖಂಡುಗ ಅಂತಲೇ ಅಳೆಯುತ್ತಿದ್ದರು. ನಮ್ಮ ಕಡೆ ನಾಲೆ ನೀರು ಬಂದದ್ದು ಕನ್ನಂಬಾಡಿ ಕಟ್ಟೆ ಆದಮೇಲೆ. ಅದಕ್ಕೂ ಮುಂಚೆ ಊರಿಗೆ ಅನ್ನ ಕೊಡುತ್ತಿದ್ದದ್ದು ಕೆರೆಯ ಕೆಳಗಿನ ಗದ್ದೆ. ಯಾರೂ ಸುಮ್ಮಸುಮ್ಮನೆ ಬಿಟ್ಟುಕೊಡುವ ನೆಲ ಅಲ್ಲ ಅದು.

ಇಷ್ಟಕ್ಕೇ ಮುಗಿಯಲಿಲ್ಲ. ಕೊನೆಯಲ್ಲಿ ಒಂದು ಷರತ್ತು ಇದೆ. ಆ ಸ್ಥಾನ ನೋಡಿಕೊಳ್ಳುವ ಗೊರವ, ಅಂದರೆ ಗುಡಿಯ ಪೂಜಾರಿ, ಈ ಕಲ್ಲಿಗೆ ಪೂಜೆ ಮಾಡದೆ ಊಟ ಮಾಡಿದರೆ ನಾಯಿ ಮಾಡಿದ ಪಾಪ ಅವನಿಗೆ ಸೇರುತ್ತದೆ.

ನಾಯಿ ಮಾಡಿದ ಪಾಪ. ಕಾಳಿಯನ್ನು ಇಷ್ಟೊಂದು ಮೆರೆಸಿದ ಜನವೇ ಹೀಗೂ ಬರೆಸಿದ್ದಾರೆ. ಕಾಳಿ ಶೂರ. ಜೊತೆಗೆ ಕಾಳಿ ಕೊಂದಿದೆ, ಆ ಕೊಲೆ ಪಾಪ. ಎರಡೂ ನಿಜ. ಇದನ್ನು ಓದಿದ ಮೇಲೆ ಪ್ರಾಣಿಪ್ರೀತಿ ಅನ್ನುವ ಪದ ನನಗೆ ಸಾಲದು ಅನ್ನಿಸಿತು. ನಾಯಿಯನ್ನು ಮುದ್ದು ಮಾಡುವವರು ಅದಕ್ಕೆ ಪಾಪ ಇದೆ ಅನ್ನುವುದಿಲ್ಲ. ನಾಯಿಯನ್ನು ಕೀಳು ಅನ್ನುವವರು ಅದಕ್ಕೆ ಪೂಜೆ ಮಾಡುವುದಿಲ್ಲ. ಇವರು ಕಾಳಿಯನ್ನು ತಮ್ಮ ಹಾಗೇ ಒಂದು ಜೀವ ಅಂತ ನೋಡಿದ್ದಾರೆ. ಒಳ್ಳೆಯದಕ್ಕೂ ಕೆಟ್ಟದ್ದಕ್ಕೂ ಹೊಣೆ ಇರುವ ಜೀವ.

ಪ್ರಾಣಿಗೆ ಹೊಣೆ ಹೊರಿಸುವ ಈ ಯೋಚನೆ ಮಧ್ಯಯುಗದಲ್ಲಿ ಬೇರೆ ಕಡೆಯೂ ಇತ್ತು. ಫ್ರಾನ್ಸಿನ ಫಲೇಸ್ ಅನ್ನುವ ಊರಿನಲ್ಲಿ 1386ರಲ್ಲಿ ಒಂದು ಹೆಣ್ಣುಹಂದಿ ಮಗುವನ್ನು ಕೊಂದಿತ್ತು. ಅದರ ಮೇಲೆ ವಿಚಾರಣೆ ನಡೆಸಿ ಗಲ್ಲಿಗೆ ಹಾಕಿದರು. ಅಲ್ಲಿ ಪ್ರಾಣಿಯ ಹೊಣೆ ಶಿಕ್ಷೆಯಾಗಿ ಬಂತು. ಆತಕೂರಿನಲ್ಲಿ ಅದು ಗೌರವವಾಗಿ ಬಂತು, ಋಣವಾಗಿ ಬಂತು. ನನಗೆ ಆತಕೂರಿನ ದಾರಿ ದೊಡ್ಡದು ಅನ್ನಿಸುತ್ತದೆ. ನಮ್ಮ ಜಿಲ್ಲೆ ಅನ್ನುವ ಅಭಿಮಾನವೂ ಇರಬಹುದು.

ಇದನ್ನೆಲ್ಲ ಓದಿ ಯಾರಾದರೂ "ನೋಡಿ, ನಮ್ಮ ಹಿರಿಯರು ಎಷ್ಟು ಕರುಣಾಮಯಿಗಳು" ಅಂತ ಶೇರ್ ಮಾಡಿದರೆ ನಾನು ಒಪ್ಪುವುದಿಲ್ಲ. ಆ ಹಂದಿ ತನ್ನ ಪಾಡಿಗೆ ಮೊರಡಿಯಲ್ಲಿ ಇತ್ತು. ಬೇಟೆಯ ಖುಷಿಗೆ ಅದರ ಮೇಲೆ ನಾಯಿ ಬಿಟ್ಟವರು ಮನುಷ್ಯರು. ಕಾಳಿಗೆ ಹೆಸರಿದೆ, ಹಂದಿಗೆ ಇಲ್ಲ. ನಮ್ಮ ಊರೂರಲ್ಲಿ ಇರುವ ತುರುಗೋಳ್ ವೀರಗಲ್ಲುಗಳನ್ನೇ ನೋಡಿ. ದನ ಹೊಡೆದುಕೊಂಡು ಹೋಗಲು ಬಂದವರ ಜೊತೆ ಕಾದಿ ಸತ್ತವರ ಕಲ್ಲುಗಳು. ಕೆಳಗಿನ ಪಟ್ಟಿಯಲ್ಲಿ ಹೋರಾಟ ಮತ್ತು ಸಾಲಾಗಿ ನಿಂತ ಹಸುಗಳು. ನಡುವೆ ಅಪ್ಸರೆಯರು ವೀರನನ್ನು ಎತ್ತಿಕೊಂಡು ಹೋಗುತ್ತಾರೆ. ಮೇಲೆ ಲಿಂಗ, ಸೂರ್ಯ, ಚಂದ್ರ. ಬರಹ ಇರುವ ಕಲ್ಲುಗಳಲ್ಲಿ ಸತ್ತವನ ಹೆಸರು ಇರುತ್ತದೆ. ಯಾವುದಕ್ಕಾಗಿ ಸತ್ತನೋ ಆ ಹಸುಗಳು ಬರೀ "ತುರು". ದಾನ ಕೆಡಿಸಿದವರಿಗೆ ಹಾಕುವ ಶಾಪದಲ್ಲೂ ಹಸು ಬರುತ್ತದೆ. ವಾರಣಾಸಿಯಲ್ಲಿ ಸಾವಿರ ಕವಿಲೆಯನ್ನು ಕೊಂದ ಪಾಪ ಬರಲಿ ಅಂತ ಎಷ್ಟೋ ಶಾಸನಗಳಲ್ಲಿದೆ. ಹಸುವಿನ ಮೇಲಿನ ಭಯ-ಭಕ್ತಿಯೇ ಆಗಿನ ಜಮೀನಿಗೆ ಕಾವಲು. ಹಾಗಿದ್ದೂ ದನ ಕದಿಯುವುದಕ್ಕಾಗಿ ಊರೂರೇ ಹೊಡೆದಾಡುತ್ತಿದ್ದವು.

ಅದೇ ಗಂಗರ ನಾಡಿನಲ್ಲಿ ಸುಮಾರು ಮೂವತ್ತು ವರ್ಷ ಕಳೆದ ಮೇಲೆ, 981ರಲ್ಲಿ, ಚಾವುಂಡರಾಯ ಶ್ರವಣಬೆಳಗೊಳದಲ್ಲಿ ಗೊಮ್ಮಟನನ್ನು ನಿಲ್ಲಿಸಿದ. ಮೇಲೆ ಹತ್ತಿದವರೆಲ್ಲ ಗೊಮ್ಮಟನ ಮುಖ ನೋಡುತ್ತಾರೆ. ಮುಂದಿನ ಸಲ ಹೋದಾಗ ಕಾಲಿನ ಹತ್ತಿರ ನೋಡಿ. ಎರಡೂ ಕಡೆ ಹುತ್ತ ಬೆಳೆದಿದೆ. ಹುತ್ತದಿಂದ ಹಾವುಗಳು ಹೊರಗೆ ಬರುತ್ತಿವೆ. ಬಳ್ಳಿ ತೊಡೆ ದಾಟಿ ತೋಳಿಗೆ ಹಬ್ಬಿದೆ. ಹಾವು ಹೆದರದ ಹಾಗೆ, ಬಳ್ಳಿ ಹರಿಯದ ಹಾಗೆ ನಿಂತ ಮನುಷ್ಯ ಅವನು. ಮಾಡಿಸಿದ ಚಾವುಂಡರಾಯ ದಂಡನಾಯಕ, ಯುದ್ಧ ಮಾಡಿದವನು. ಬೇಟೆ, ಯುದ್ಧ, ಪೂಜೆ, ಅಹಿಂಸೆ ಎಲ್ಲವೂ ಒಂದೇ ನಾಡಿನಲ್ಲಿ, ಕೆಲವು ಸಲ ಒಂದೇ ಮನುಷ್ಯನೊಳಗೆ ಇದ್ದವು. ಅದನ್ನು ಬಿಡಿಸಿ ಒಂದು ಕಡೆ ಕರುಣೆ, ಇನ್ನೊಂದು ಕಡೆ ಕ್ರೌರ್ಯ ಅಂತ ಇಡಲು ನನ್ನಿಂದ ಆಗುವುದಿಲ್ಲ.

ವಿಜಯನಗರದ ಹೊತ್ತಿಗೆ ಪ್ರಾಣಿಯ ಲೆಕ್ಕ ಇಡುವ ರೀತಿಯೇ ಬೇರೆ ಆಗಿತ್ತು. ಹಂಪಿಯ ಗಜಶಾಲೆ ನೋಡಿದವರಿಗೆ ಗೊತ್ತು. ಸಾಲಾಗಿ ಹನ್ನೊಂದು ಅಂಕಣ, ಮೇಲೆ ಗುಮ್ಮಟಗಳ ಸಾಲು. ಮಹಾನವಮಿ ದಿಬ್ಬದ ಸುತ್ತ ಆನೆ, ಕುದುರೆ, ಒಂಟೆ, ಬೇಟೆನಾಯಿಗಳ ಸಾಲು. ಕಣ್ಣು ತುಂಬುವ ಕೆಲಸ. ಆದರೆ ನನ್ನ ಮನಸ್ಸಿನಲ್ಲಿ ಉಳಿದದ್ದು ಪೋರ್ಚುಗೀಸ್ ವ್ಯಾಪಾರಿ ನೂನಿಜ್ ಬರೆದಿಟ್ಟ ಒಂದು ಸಂಗತಿ. ವಿಜಯನಗರದ ಅರಸು ಸಾಳುವ ನರಸಿಂಹನಿಗೆ ಕುದುರೆ ಬೇಕಿತ್ತು. ಒಳ್ಳೆಯ ಕುದುರೆ ಇಲ್ಲಿ ಹುಟ್ಟುತ್ತಿರಲಿಲ್ಲ. ಹೊರ್ಮುಜ್‌ನಿಂದ, ಏಡನ್‌ನಿಂದ ಹಡಗಿನಲ್ಲಿ ಬರಬೇಕು. ಸಾವಿರ ಪರ್ದಾವಿಗೆ (ಆಗಿನ ಚಿನ್ನದ ನಾಣ್ಯ) ಮೂರು ಕುದುರೆ. ಬದುಕಿದ್ದರೂ ಅದೇ ಬೆಲೆ, ಸತ್ತಿದ್ದರೂ ಅದೇ ಬೆಲೆ. ಸಮುದ್ರದಲ್ಲಿ ಸತ್ತದ್ದಾದರೆ ಬಾಲ ಕತ್ತರಿಸಿ ತಂದು ತೋರಿಸಿದರೆ ಸಾಕು, ದುಡ್ಡು ಸಿಗುತ್ತಿತ್ತು.

ಸತ್ತ ಕುದುರೆಗೂ ದುಡ್ಡು ಕೊಟ್ಟ ಅಂತ ಅರಸನ ಔದಾರ್ಯ ಹೊಗಳಬಹುದು. ನನಗೆ ಆ ಬಾಲಗಳೇ ಕಣ್ಣ ಮುಂದೆ ಬರುತ್ತವೆ. ಕುದುರೆ ಕಡಲಿಗೆ ಹೋಯಿತು, ಬಾಲ ರಸೀದಿ ಆಯಿತು. ಆ ಕುದುರೆ ಯಾವುದು, ಯಾವ ಬಣ್ಣ, ಯಾರೂ ಕೇಳಲಿಲ್ಲ. ಆತಕೂರಿನ ಕಲ್ಲಿನಿಂದ ಈ ಬಾಲದವರೆಗೆ ಐದುನೂರು ವರ್ಷಕ್ಕಿಂತ ಜಾಸ್ತಿ ಅಂತರ ಇದೆ. ಎರಡೂ ಲೆಕ್ಕವೇ. ಒಂದರಲ್ಲಿ ಮನುಷ್ಯ ಪ್ರಾಣಿಗೆ ಸಾಲಗಾರ. ಇನ್ನೊಂದರಲ್ಲಿ ಪ್ರಾಣಿ ಬರೀ ಸರಕು.

ನಾವು ಇವತ್ತು ಯಾವ ಲೆಕ್ಕದಲ್ಲಿ ಇದ್ದೇವೆ ಅಂತ ಕೇಳಿದರೆ ನನಗೆ ಬಾಲದ ಲೆಕ್ಕವೇ ನೆನಪಾಗುತ್ತದೆ. ಮನೆಯಲ್ಲಿ ಒಂದು ಲ್ಯಾಬ್ರಡಾರ್‌ಗೆ ಹುಟ್ಟುಹಬ್ಬ ಮಾಡುತ್ತೇವೆ, ಅದಕ್ಕೆ ನನ್ನ ತಕರಾರಿಲ್ಲ. ಆದರೆ ನಮ್ಮ ಹಾಲು, ನಮ್ಮ ಮೊಟ್ಟೆ, ನಮ್ಮ ಔಷಧಿ ಯಾವ ಜೀವದಿಂದ ಬಂತು ಅಂತ ನಮಗೆ ಕಾಣುವುದೇ ಇಲ್ಲ. ಮಣಲೆರ ಕೊಂದದ್ದು ಕಣ್ಣೆದುರು. ಕಂಡದ್ದರಿಂದ ಅದು ಪಾಪ ಅಂತಲೂ ಆ ಕಲ್ಲಿಗೆ ಗೊತ್ತಿತ್ತು. ಕಾಣದೆ ಕೊಲ್ಲುವ ನಮಗೆ ಪಾಪದ ಮಾತೇ ಬರುವುದಿಲ್ಲ. ಬೀದಿನಾಯಿ ವಿಷಯಕ್ಕೆ ಎರಡು ಗುಂಪಾಗಿ ಬೈದಾಡುತ್ತೇವಲ್ಲ, ಅಲ್ಲೂ ಅಷ್ಟೇ. ಒಂದು ಗುಂಪಿಗೆ ನಾಯಿ ಬರೀ ಮುಗ್ಧ, ಇನ್ನೊಂದು ಗುಂಪಿಗೆ ಬರೀ ಪೀಡೆ. ಕಚ್ಚಿಸಿಕೊಂಡ ಮಗುವಿನ ನೋವು ನಿಜ. ಹಸಿದು ತಿರುಗುವ ನಾಯಿಯ ಪಾಡೂ ನಿಜ. ಎರಡನ್ನೂ ಒಂದೇ ಕಲ್ಲಿನಲ್ಲಿ ಕೆತ್ತುವ ಶಕ್ತಿ ಆತಕೂರಿನವರಿಗೆ ಇತ್ತು.

ಬೇರೆಯವರ ಮಾತು ಬಿಡಿ. ನಮ್ಮ ಮನೆಯದ್ದನ್ನೇ ಹೇಳುತ್ತೇನೆ. ಇದನ್ನು ಇಲ್ಲಿಯವರೆಗೆ ಎಲ್ಲೂ ಬರೆದಿಲ್ಲ.

ನಮ್ಮ ತಾತ ಸಂಕ್ರಾಂತಿ ದಿನ ಎತ್ತುಗಳಿಗೆ ಹುಗ್ಗಿ ತಿನ್ನಿಸುವವರೆಗೆ ಬಾಯಿಗೆ ನೀರು ಹಾಕುತ್ತಿರಲಿಲ್ಲ. ನಾವು ಹುಡುಗರು ಹಸಿವು ಅಂತ ಗೋಳಾಡಿದರೆ "ಮೊದಲು ಅವು ತಿನ್ಲಿ ಕಣ್ರೋ. ಅವು ದುಡಿದಿದ್ದನ್ನೇ ಅಲ್ವಾ ನಾವು ತಿನ್ನೋದು" ಅನ್ನುತ್ತಿದ್ದರು. ಕಲ್ಲಿಗೆ ಪೂಜೆ ಆಗದೆ ಗೊರವ ಉಣ್ಣಬಾರದು ಅನ್ನುವ ಸಾಲು ಓದಿದಾಗ ನನಗೆ ಕೊಟ್ಟಿಗೆಯ ಮುಂದೆ ನಿಂತ ತಾತನೇ ಕಂಡರು. ಅವರಿಗೆ ಆತಕೂರಿನ ಶಾಸನ ಗೊತ್ತಿರಲಿಲ್ಲ. ಓದಲು ಬರುತ್ತಿರಲಿಲ್ಲ.

ತಾತ ಹೋದ ಮೂರನೇ ವರ್ಷ ನನ್ನ ಎಸ್‌ಎಸ್‌ಎಲ್‌ಸಿ ಮುಗಿಯಿತು. ಮೈಸೂರಿನಲ್ಲಿ ಪಿಯುಸಿಗೆ ಸೇರಬೇಕು, ಹಾಸ್ಟೆಲ್‌ಗೆ ದುಡ್ಡು ಕಟ್ಟಬೇಕು. ಆ ವರ್ಷ ಕಬ್ಬಿನ ಬಾಕಿ ಬಂದಿರಲಿಲ್ಲ. ಉಳುಮೆಗೆ ಊರಿಗೆ ಟ್ರ್ಯಾಕ್ಟರ್ ಬಂದಿತ್ತು. ಅಪ್ಪ ಎರಡು ಎತ್ತನ್ನೂ ಸಂತೆಗೆ ಹೊಡೆದುಕೊಂಡು ಹೋದರು. ಒಂದು ಇನ್ನೂ ಹರೆಯದ್ದು, ಅದನ್ನು ಪಕ್ಕದ ಊರಿನ ರೈತರು ಕೊಂಡರು. ಇನ್ನೊಂದಕ್ಕೆ ವಯಸ್ಸಾಗಿತ್ತು. ವಯಸ್ಸಾದ ಎತ್ತನ್ನು ಸಂತೆಯಲ್ಲಿ ಯಾರು ಕೊಳ್ಳುತ್ತಾರೆ ಅಂತ ಹಳ್ಳಿಯವರಿಗೆ ಹೇಳಬೇಕಾಗಿಲ್ಲ. ಅಪ್ಪ ಸಂಜೆ ಬಂದು ಹಗ್ಗವನ್ನು ಗೂಟಕ್ಕೆ ನೇತುಹಾಕಿದರು. ಕೈಕಾಲು ತೊಳೆಯದೆ ಜಗಲಿಯಲ್ಲಿ ಕೂತರು. ಅವ್ವ ಊಟಕ್ಕೆ ಕರೆದರೂ ಏಳಲಿಲ್ಲ. ನಾನು ಉಂಡೆ. ಮಾರನೇ ದಿನ ಆ ದುಡ್ಡು ತೆಗೆದುಕೊಂಡು ಮೈಸೂರಿಗೆ ಹೋದೆ.

ಅಪ್ಪನ ಮೇಲೆ ನನಗೆ ದೂರು ಇಲ್ಲ. ಅವರಿಗೆ ಬೇರೆ ದಾರಿ ಇರಲಿಲ್ಲ. ಆದರೆ ನನ್ನ ಓದು, ನನ್ನ ಕೆಲಸ, ಈಗ ಕೂತು ಬರೆಯುತ್ತಿರುವ ಈ ಮನೆ, ಇದೆಲ್ಲದರ ಬುಡದಲ್ಲಿ ಆ ಹಗ್ಗ ಇದೆ. ನಮ್ಮ ಜಮೀನಿನ ಪಹಣಿ ತೆಗೆದರೆ ತಾತನ ಹೆಸರು ಸಿಗುತ್ತದೆ, ಅಪ್ಪನ ಹೆಸರು ಸಿಗುತ್ತದೆ, ಈಗ ನನ್ನ ಮತ್ತು ನನ್ನ ತಮ್ಮನ ಹೆಸರು. ಅದನ್ನು ಉತ್ತವನ ಹೆಸರು ಯಾವ ಕಾಗದದಲ್ಲೂ ಇಲ್ಲ.

ಅವನ ಹೆಸರು ಬೆಳ್ಳ. ಹಳ್ಳಿಕಾರ್ ಎತ್ತು. ನಮ್ಮ ಮನೆಯ ಕೊಟ್ಟಿಗೆಯಲ್ಲೇ ಹುಟ್ಟಿದವನು. ಬಲಗೊಂಬಿನ ತುದಿ ಸ್ವಲ್ಪ ಮುರಿದಿತ್ತು. ನೊಗದ ಎಡಗಡೆ ಹೂಡಿದರೆ ಹೆಜ್ಜೆ ಇಡುತ್ತಿರಲಿಲ್ಲ, ಬಲಗಡೆಯೇ ಆಗಬೇಕು. ಹನ್ನೊಂದು ವರ್ಷ ಕೆರೆಯ ಕೆಳಗಿನ ಒಂದೂವರೆ ಎಕರೆ ಗದ್ದೆ ಉತ್ತ.