ಒಂದನೇ ತಾರೀಖು ಶುಕ್ರವಾರ

ಅಕ್ಕನ ಮಗ ಫ್ಯಾಂಟಸಿ ಕಾದಂಬರಿ ಬರೆಯುತ್ತಿದ್ದಾನೆ. ಕಥೆ ಇನ್ನೂ ಒಂದು ಪುಟವೂ ಆಗಿಲ್ಲ, ಕ್ಯಾಲೆಂಡರ್ ಮಾತ್ರ ರೆಡಿ. ಮೊನ್ನೆ ಎಕ್ಸೆಲ್ ಶೀಟ್ ಕಳಿಸಿ, "ಮಾಮ, ಲೆಕ್ಕ ಸರಿ ಇದೆಯಾ ನೋಡು" ಅಂದ. ಅವನ ಲೋಕದಲ್ಲಿ ವರ್ಷಕ್ಕೆ 400 ದಿನ. 40 ದಿನದ 10 ತಿಂಗಳು, ವಾರಕ್ಕೆ 8 ದಿನ. ಚಂದ್ರರು ಮೂವರು. ಒಬ್ಬನ ಸುತ್ತು 20 ದಿನ, ಇನ್ನೊಬ್ಬನದು 25, ಮತ್ತೊಬ್ಬನದು 32. ಲೆಕ್ಕ ಪಕ್ಕಾ ಇತ್ತು. ಆದರೂ ಉಪ್ಪಿಲ್ಲದ ಸಾರಿನ ಹಾಗೆ ಏನೋ ಸಪ್ಪೆ.

ಹೀಗೆ ಕಟ್ಟಿದ ಕ್ಯಾಲೆಂಡರ್‌ಗಳಲ್ಲಿ ನನಗೆ ತುಂಬಾ ಇಷ್ಟವಾದದ್ದು ಇಂಗ್ಲಿಷ್ ಲೇಖಕ ಟೋಲ್ಕಿನ್ ತನ್ನ ಕಥೆಯ ಕುಳ್ಳ ಜನ ಹಾಬಿಟ್‌ಗಳಿಗೆ ಮಾಡಿಕೊಟ್ಟದ್ದು. 'ದಿ ಲಾರ್ಡ್ ಆಫ್ ದಿ ರಿಂಗ್ಸ್'ನ ಮೂರನೇ ಸಂಪುಟ ಬಂದದ್ದು 1955ರಲ್ಲಿ. ಅದರ ಅನುಬಂಧದಲ್ಲಿ ಈ ಲೆಕ್ಕವೆಲ್ಲ ಇದೆ. ಕಥೆ ಮುಗಿಸಿದವರು ಸಾಮಾನ್ಯವಾಗಿ ಅಲ್ಲಿಯವರೆಗೆ ಹೋಗುವುದಿಲ್ಲ, ಪುಸ್ತಕ ಮಡಚಿಟ್ಟು ಮಲಗುತ್ತಾರೆ.

ಹಾಬಿಟ್‌ಗಳ ನಾಡು ಶೈರ್. ಅಲ್ಲಿ ಎಲ್ಲ ತಿಂಗಳಿಗೂ 30 ದಿನ. ಒಟ್ಟು 360 ಆಯಿತು. ಉಳಿದ ಐದು ದಿನ ಯಾವ ತಿಂಗಳಿಗೂ ಸೇರುವುದಿಲ್ಲ. ಎರಡು ಚಳಿಗಾಲದಲ್ಲಿ, ಅಂದರೆ ವರ್ಷದ ಕೊನೇ ದಿನ ಮತ್ತು ಮೊದಲ ದಿನ. ಮೂರು ನಡು ಬೇಸಿಗೆಯಲ್ಲಿ. ಆ ಮೂರರಲ್ಲಿ ಮಧ್ಯದ್ದು ಸೋಮವಾರವೂ ಅಲ್ಲ, ಮಂಗಳವಾರವೂ ಅಲ್ಲ, ಅದಕ್ಕೆ ವಾರವೇ ಇಲ್ಲ. ಹಿಂದಿನ ದಿನ ಶುಕ್ರವಾರ, ಮರುದಿನ ಶನಿವಾರ, ನಡುವೆ ಇದೊಂದು. ಅಧಿಕ ವರ್ಷದಲ್ಲಿ ಸೇರುವ ದಿನಕ್ಕೂ ವಾರವಿಲ್ಲ. ಹೀಗಾಗಿ ಎಣಿಕೆಗೆ ಸಿಗುವುದು 364 ದಿನ, ಸರಿಯಾಗಿ 52 ವಾರ. ತಾರೀಖು, ವಾರ ಎರಡೂ ಕಾಯಂ. ಕಥೆಯ ಹಾಬಿಟ್ ಬಿಲ್ಬೋ ಹುಟ್ಟಿದ ಸೆಪ್ಟೆಂಬರ್ 22 ಯಾವ ವರ್ಷ ನೋಡಿದರೂ ಗುರುವಾರ. ಒಮ್ಮೆ ಗೋಡೆಗೆ ಹಾಕಿದ ಕ್ಯಾಲೆಂಡರ್ ಮೊಮ್ಮಕ್ಕಳ ಕಾಲಕ್ಕೂ ನಡೆಯುತ್ತದೆ!

ಆದರೆ ನನ್ನನ್ನು ಹಿಡಿದು ಕೂರಿಸಿದ್ದು ಈ ಲೆಕ್ಕ ಅಲ್ಲ, ಅದರಿಂದ ಹುಟ್ಟಿದ ಒಂದು ತಮಾಷೆ. ವರ್ಷದ ಮೊದಲ ತಿಂಗಳು ಭಾನುವಾರ ಶುರು. 30 ದಿನದ ತಿಂಗಳಾದ್ದರಿಂದ ಮುಂದಿನದು ಎರಡು ದಿನ ಮುಂದಕ್ಕೆ, ಮಂಗಳವಾರ. ಆಮೇಲೆ ಗುರು, ಶನಿ, ಸೋಮ, ಬುಧ. ಅಷ್ಟರಲ್ಲಿ ಬೇಸಿಗೆಯ ಆ ಮೂರು ದಿನದ ಹಬ್ಬ. ಅದು ಮುಗಿದರೆ ಮತ್ತೆ ಭಾನುವಾರದಿಂದ ಅದೇ ಸುತ್ತು. ಶುಕ್ರವಾರದ ಸರದಿ ಬರುವುದೇ ಇಲ್ಲ! ಅದಕ್ಕೇ ಶೈರ್‌ನಲ್ಲಿ 'ಒಂದನೇ ತಾರೀಖು ಶುಕ್ರವಾರ' ಅಂದರೆ ಎಂದೂ ಬಾರದ ದಿನ. ಹಂದಿ ಹಾರುವ ದಿನ, ಮರ ನಡೆಯುವ ದಿನ ಅಂತ ಅರ್ಥ. (ಅದೇ ಕಥೆಯಲ್ಲಿ ಮರಗಳು ನಡೆದೂ ಬಿಡುತ್ತವೆ, ಆ ಮಾತು ಬೇರೆ.)

ಈ ಒಂದು ಸಾಲು ಓದಿದಾಗಲೇ ಅಲ್ಲಿ ಜನ ಇದ್ದಾರೆ ಅಂತ ನನಗೆ ನಂಬಿಕೆ ಬಂದದ್ದು. ನಮ್ಮಲ್ಲೂ ಅಷ್ಟೇ ಅಲ್ವಾ? ಚಾಂದ್ರಮಾನ ವರ್ಷ ಸೌರ ವರ್ಷಕ್ಕಿಂತ ಸುಮಾರು 11 ದಿನ ಚಿಕ್ಕದು, ಅದನ್ನು ಸರಿದೂಗಿಸಲು ಅಧಿಕ ಮಾಸ ಅಂತ ನಮ್ಮಜ್ಜಿಗೆ ಯಾರೂ ಪಾಠ ಮಾಡಿರಲಿಲ್ಲ. ಆದರೆ ಮನೆಗೆ ನೆಂಟರ ಮೇಲೆ ನೆಂಟರು ಬಂದು ಡಬ್ಬಿಯಲ್ಲಿ ಅಕ್ಕಿ ತಳ ಕಂಡಾಗ, "ಬರಗಾಲದಲ್ಲಿ ಅಧಿಕ ಮಾಸ" ಅಂತ ಗೊಣಗುತ್ತಿದ್ದಳು. ರೋಹಿಣಿ ಮಳೆ ಬಂದರೆ ಓಣಿ ತುಂಬ ಜೋಳ ಅನ್ನುವ ರೈತನಿಗೆ 27 ನಕ್ಷತ್ರವೂ ಬಾಯಲ್ಲೇ ಇರುತ್ತವೆ. ಆಷಾಢ ಬಂದರೆ ಹೊಸ ಸೊಸೆ ತವರಿಗೆ, ಉಳಿದವರೆಲ್ಲ ಸೇಲ್‌ಗೆ.

ಇದಕ್ಕೆ ತದ್ವಿರುದ್ಧ ನಮ್ಮ ಸರ್ಕಾರಿ ಶಕ ಪಂಚಾಂಗ. ಮೇಘನಾದ ಸಾಹಾ ಅಂಥ ದೊಡ್ಡ ವಿಜ್ಞಾನಿಯ ಸಮಿತಿ ಕೂತು ಮಾಡಿದ್ದು. ವರದಿ ಬಂದದ್ದೂ ಅದೇ 1955ರಲ್ಲಿ. ಜಾರಿಯಾದದ್ದು 1957ರ ಮಾರ್ಚ್ 22ರಂದು. ಲೆಕ್ಕದಲ್ಲಿ ಹುಳುಕಿಲ್ಲ, ಗೆಜೆಟ್‌ನಲ್ಲಿ ಇವತ್ತಿಗೂ ಅಚ್ಚಾಗುತ್ತದೆ. ಇವತ್ತು ಶಕ ತಾರೀಖು ಎಷ್ಟು ಅಂತ ಕೇಳಿ ನೋಡಿ. ಅದರ ಹೆಸರಲ್ಲಿ ಒಂದು ಗಾದೆಯನ್ನಂತೂ ನಾನು ಕೇಳಿಲ್ಲ, ಒಂದು ಬೈಗುಳವನ್ನೂ ಕೇಳಿಲ್ಲ.

ಹೊಸ ಲೋಕ ಕಟ್ಟುವವರು ಎಡವುವುದು ಇಲ್ಲೇ ಅನ್ನಿಸುತ್ತದೆ. ಚಂದ್ರರನ್ನು ಜಾಸ್ತಿ ಮಾಡುತ್ತಾರೆ, ತಿಂಗಳಿಗೆ ನಾಲಿಗೆ ಹೊರಳದ ಹೆಸರಿಡುತ್ತಾರೆ. ಆದರೆ ಆ ಊರಲ್ಲಿ ಯಾರಿಗೂ ಬಾಡಿಗೆ ಕಟ್ಟುವ ದಿನ ಬರುವುದಿಲ್ಲ. ನಮ್ಮ ಅಡುಗೆಮನೆ ಕ್ಯಾಲೆಂಡರ್‌ನಲ್ಲಿ ಹಾಲು ಬಾರದ ದಿನಕ್ಕೆ ಅಡ್ಡಗೀಟು, ಗ್ಯಾಸ್ ಬಂದ ದಿನಕ್ಕೆ ಸುತ್ತು. ತಿಥಿಗಿಂತ ಜಾಸ್ತಿ ನಾವು ನೋಡುವುದು ಅದನ್ನೇ.

ಹುಡುಗನಿಗೆ ಫೋನ್ ಮಾಡಿ ಒಂದೇ ಪ್ರಶ್ನೆ ಕೇಳಿದೆ. "ನಿನ್ನ ಊರಲ್ಲಿ ಸಾಲಗಾರ ಸುಮ್ನೆ ದಿನ ತಳ್ಳಬೇಕಾದರೆ ಏನಂತಾನೋ?" ಸ್ವಲ್ಪ ಹೊತ್ತು ಮಾತಿಲ್ಲ. ರಾತ್ರಿ ಹನ್ನೊಂದಕ್ಕೆ ಮೆಸೇಜ್ ಬಂತು: "ಮೂರು ಅಮಾವಾಸ್ಯೆ ಕೂಡಿದ ದಿನ ಕೊಡ್ತೀನಿ ಅಂತಾನೆ ಮಾಮ."

ಪೆನ್ನು ಹಿಡಿದು ಲೆಕ್ಕ ಹಾಕಿದೆ. 20, 25, 32. ಮೂರೂ ಕೂಡುವುದು 800 ದಿನಕ್ಕೊಮ್ಮೆ, ಅಂದರೆ ಅವನ ಲೆಕ್ಕದಲ್ಲಿ ಸರಿಯಾಗಿ ಎರಡು ವರ್ಷ. "ಅದು ಬಂದೇ ಬರುತ್ತಲ್ಲೋ" ಅಂತ ಬರೆದೆ.

"ಗೊತ್ತು. ಸಾಲ ಕೊಟ್ಟವಳು ಕತ್ತಲಲ್ಲಿ ಬಾಗಿಲ ಹತ್ತಿರ ನಿಂತಿದ್ದಾಳೆ. ಮೊದಲ ಅಧ್ಯಾಯ ಅದೇ."