ಮರೆವಿಲ್ಲದ ಕಾಲಜೀವಿಯಿಂದ ಕಥೆ ಹುಟ್ಟದು

ಕಾಲ ಮತ್ತು ಮಾಹಿತಿಯಿಂದಲೇ ಆದ ಜೀವಿ ವಿಜ್ಞಾನ ಕಥೆಗಳಿಗೆ ಹೊಸದೇನಲ್ಲ. ಮೈಯಿಲ್ಲ, ಮೂಳೆಯಿಲ್ಲ, ಎಲ್ಲ ಗೊತ್ತು, ಹಿಂದಕ್ಕೂ ಮುಂದಕ್ಕೂ ಬೇಕಾದ ಹಾಗೆ ಓಡಾಡುತ್ತೆ. ಎರಡನೇ ಪುಟ ಮುಗಿಯುವಷ್ಟರಲ್ಲಿ ಅದು ಪೌರಾಣಿಕ ಸಿನಿಮಾದ ದೇವರಾಗಿರುತ್ತೆ, ಕಿರೀಟ ಒಂದಿಲ್ಲ ಅಷ್ಟೆ. ಕಷ್ಟವೇ ಬರದವರ ಕಥೆಯನ್ನು ಯಾರು ಓದ್ತಾರೆ? ಬರೆಯುವವರಿಗೆ ಕಲ್ಪನೆ ಸಾಲದೆ ಹೀಗಾಗುತ್ತೆ ಅಂತ ನನಗನ್ನಿಸಲ್ಲ. ಆ ಜೀವಿಗೆ ಏನು ಸಾಧ್ಯ, ಏನು ಅಸಾಧ್ಯ ಅನ್ನುವ ಲೆಕ್ಕ ಇಡದೆ ಹೀಗಾಗುತ್ತೆ.

ಒಂದು ಚೌಕಳಿ ಹಾಳೆ, ಒಂದು ಪೆನ್ಸಿಲ್ ತಗೊಳ್ಳಿ. 1970ರಲ್ಲಿ ಜನರ ಕಣ್ಣಿಗೆ ಬಿದ್ದ ಗಣಿತಜ್ಞ ಜಾನ್ ಕಾನ್ವೇ ಅವರ ‘ಗೇಮ್ ಆಫ್ ಲೈಫ್’ ಆಡೋಣ. ಪ್ರತಿ ಮನೆಗೂ ಸುತ್ತ ಎಂಟು ನೆರೆಮನೆ. ತುಂಬಿದ ಮನೆಗೆ ಎರಡೋ ಮೂರೋ ತುಂಬಿದ ನೆರೆಮನೆಗಳಿದ್ದರೆ ಅದು ಉಳಿಯುತ್ತೆ, ಇಲ್ಲದಿದ್ದರೆ ಖಾಲಿ. ಖಾಲಿ ಮನೆಗೆ ಸರಿಯಾಗಿ ಮೂರಿದ್ದರೆ ಅದು ತುಂಬುತ್ತೆ. ನಿಯಮ ಇಷ್ಟೇ. ಈಗ ಮೂರು ಸಾಲು ಮೂರು ಕಂಬದಲ್ಲಿ ಮೊದಲ ಸಾಲಿನ ನಡುಮನೆ, ಎರಡನೇ ಸಾಲಿನ ಬಲಮನೆ, ಮೂರನೇ ಸಾಲಿನ ಮೂರೂ ಮನೆ ತುಂಬಿ. ಒಟ್ಟು ಐದು. ಮುಂದಿನ ತಲೆಮಾರನ್ನು ಬೇರೆ ಕಡೆ ಬರೆಯಿರಿ. ಅದೇ ಚಿತ್ರದ ಮೇಲೆ ಅಳಿಸಿ ತಿದ್ದುತ್ತಾ ಹೋದರೆ ಅರ್ಧ ಹಳೇ ಲೆಕ್ಕ, ಅರ್ಧ ಹೊಸ ಲೆಕ್ಕವಾಗಿ ಎಲ್ಲ ಕಲಸಿಹೋಗುತ್ತೆ. ಮೊದಲ ಸಲ ಆಡುವವರು ಎಡವುವುದು ಬಹುಪಾಲು ಇಲ್ಲೇ.

ಪ್ರತಿ ಹೆಜ್ಜೆಗೂ ಎರಡು ಮನೆ ಖಾಲಿಯಾಗಿ ಎರಡು ತುಂಬುತ್ತವೆ. ನಾಲ್ಕನೇ ಹೆಜ್ಜೆಗೆ ಅದೇ ಆಕಾರ ಮೂಲೆಯ ದಿಕ್ಕಿಗೆ ಒಂದು ಮನೆ ಸರಿದು ಕೂತಿರುತ್ತೆ. ಇದಕ್ಕೆ ಗ್ಲೈಡರ್ ಅಂತ ಹೆಸರು. ಮೊದಲು ತುಂಬಿದ್ದ ಐದು ಮನೆಗಳಲ್ಲಿ ಒಂದಾದರೂ ನಾಲ್ಕು ಹೆಜ್ಜೆ ಪೂರ್ತಿ ಬದುಕಿತೇ ಅಂತ ಬೆರಳಿಟ್ಟು ನೋಡಿ. ಒಂದೂ ಇಲ್ಲ. ಎರಡನೇ ಸಾಲಿನ ಬಲಮನೆ ಕೊನೆಯಲ್ಲಿ ತುಂಬಿಯೇ ಕಾಣುತ್ತೆ, ಆದರೆ ಅದೂ ಮೂರನೇ ಹೆಜ್ಜೆಯಲ್ಲಿ ಸತ್ತು ಮತ್ತೆ ಹುಟ್ಟಿದ್ದು. ಹಾಗಾದರೆ ನಡೆದು ಹೋಗಿದ್ದು ಯಾರು? ಮಾಹಿತಿಯೇ ಮೈ, ಕಾಲವೇ ಉಸಿರು ಅನ್ನುವುದಕ್ಕೆ ಇದಕ್ಕಿಂತ ಒಳ್ಳೆ ಮಾದರಿ ನನಗೆ ಗೊತ್ತಿಲ್ಲ. ಹೆಜ್ಜೆ ನಿಲ್ಲಿಸಿದರೆ ಉಳಿಯುವುದು ಐದು ಚುಕ್ಕೆ. ಗ್ಲೈಡರಿಗೆ ಬುದ್ಧಿಯಿಲ್ಲ, ನಿಜ. ಆದರೆ ಗ್ಲೈಡರುಗಳನ್ನೇ ಸಂಕೇತ ಮಾಡಿಕೊಂಡು ಈ ಹಾಳೆಯೊಳಗೆ ಪೂರ್ಣ ಪ್ರಮಾಣದ ಕಂಪ್ಯೂಟರ್ ಕಟ್ಟಬಹುದು.

ಈ ಆಟವನ್ನು ಹಿಂದಕ್ಕೆ ಆಡಲಾಗದು. ಒಂಟಿ ಮನೆಯೊಂದು ತುಂಬಿದ್ದರೆ ಮುಂದಿನ ಹೆಜ್ಜೆಗೆ ಹಾಳೆ ಖಾಲಿ. ಮೊದಲೇ ಖಾಲಿಯಿದ್ದ ಹಾಳೆಯೂ ಖಾಲಿ. ಎರಡು ಬೇರೆ ನಿನ್ನೆಗಳಿಗೆ ಒಂದೇ ಇವತ್ತು. ಇಲ್ಲಿನ ಜೀವಿ ತನ್ನ ನೆನಪನ್ನು ಎಲ್ಲೋ ಬರೆದಿಟ್ಟುಕೊಳ್ಳಲೇಬೇಕು, ಜಾಗ ತುಂಬಿದಾಗ ಅಳಿಸಲೇಬೇಕು.

ನಮ್ಮ ಲೋಕದಲ್ಲಿ ಅಳಿಸುವುದಕ್ಕೂ ದುಡ್ಡು ಬಿಚ್ಚಬೇಕು. ಭೌತವಿಜ್ಞಾನಿ ರಾಲ್ಫ್ ಲ್ಯಾಂಡವರ್ 1961ರಲ್ಲಿ ತೋರಿಸಿದ ಮಿತಿ ಇದು: 27 ಡಿಗ್ರಿ ಸೆಲ್ಸಿಯಸ್‌ನಲ್ಲಿ ಒಂದು ಬಿಟ್ (0 ಅಥವಾ 1 ಅನ್ನುವ, ಮಾಹಿತಿಯ ಅತಿ ಚಿಕ್ಕ ತುಣುಕು) ಅಳಿಸಿದರೆ ಕನಿಷ್ಠ 2.9 × 10⁻²¹ ಜೂಲ್ ಶಾಖ ಹೊರಬೀಳುತ್ತೆ. ಪುಡಿಗಾಸು ಅನ್ನಿಸಬಹುದು. ಆದರೆ ಸೆಕೆಂಡಿಗೆ 10²⁴ ಬಿಟ್ ಮರೆಯುವ ಮಹಾಜೀವಿಗೆ ಅದು 2,900 ವ್ಯಾಟ್, ಬಚ್ಚಲುಮನೆಯ ಗೀಸರಿನಷ್ಟು. ಅದೇ ಜೀವಿ 3 ಕೆಲ್ವಿನ್‌ನ, ಅಂದರೆ ಸುಮಾರು −270 ಡಿಗ್ರಿ ಸೆಲ್ಸಿಯಸ್‌ನ ಚಳಿಯಲ್ಲಿದ್ದರೆ 29 ವ್ಯಾಟ್ ಸಾಕು. ಅಂದರೆ ಈ ಜೀವಿಗೆ ನಕ್ಷತ್ರಗಳ ನಡುವಿನ ಕತ್ತಲು ತಂಪಾದ ತವರುಮನೆ, ಭೂಮಿ ಜ್ವರ. ಅದು ಇಲ್ಲಿಗೆ ಯಾಕೆ ಬಂತು ಅಂತ ಕೇಳಿದ ತಕ್ಷಣ ಕಥೆ ಶುರು.

ಗಾತ್ರವನ್ನೂ ಅಳೆದು ಕೊಡಿ. ಸೂರ್ಯನಿಂದ ಭೂಮಿಯವರೆಗೆ, ಅಂದರೆ ಸುಮಾರು 15 ಕೋಟಿ ಕಿಲೋಮೀಟರ್ ಹರಡಿಕೊಂಡ ಜೀವಿಗೆ ಒಂದು ತುದಿಯ ಸುದ್ದಿ ಇನ್ನೊಂದು ತುದಿಗೆ ಮುಟ್ಟಲು ಬೆಳಕಿನ ವೇಗದಲ್ಲೂ 8 ನಿಮಿಷ 20 ಸೆಕೆಂಡ್ ಬೇಕು. ಕೇಳಿ ಉತ್ತರ ಪಡೆಯಲು ಅದರ ಎರಡರಷ್ಟು. ಅಂಥದ್ದು ಥಟ್ಟನೆ ಸಿಟ್ಟಾಗಲಾರದು. ಆದರೆ ಒಂದು ತುದಿ ಕ್ಷಮಿಸಿದ ಸುದ್ದಿ ತಲುಪುವ ಮುಂಚೆ ಇನ್ನೊಂದು ತುದಿ ಏಟು ಕೊಟ್ಟಿರಬಹುದು.

ಇನ್ನು ಕಾಯಿಲೆ. ಗಣಿತಜ್ಞ ರಿಚರ್ಡ್ ಹ್ಯಾಮಿಂಗ್ 1950ರಲ್ಲಿ ಪ್ರಕಟಿಸಿದ ಸಂಕೇತ ಪದ್ಧತಿಯಲ್ಲಿ ನಾಲ್ಕು ಬಿಟ್ ಮಾಹಿತಿಗೆ ಮೂರು ಕಾವಲು ಬಿಟ್. ಏಳರಲ್ಲಿ ಒಂದು ಕೆಟ್ಟರೆ ಯಾವುದು ಅಂತ ಕಂಡುಹಿಡಿದು ಸರಿಪಡಿಸಬಹುದು. ಎರಡು ಕೆಟ್ಟರೆ ಮಾತ್ರ ಅನಾಹುತ: ಕಾವಲುಗಾರ ಚೆನ್ನಾಗಿದ್ದ ಮೂರನೆಯದನ್ನು ತಿದ್ದಿ, ಎಲ್ಲ ಸರಿಹೋಯಿತು ಅಂತ ಹೇಳಿಬಿಡುತ್ತಾನೆ. ತನ್ನ ತಪ್ಪು ನೆನಪಿನ ಬಗ್ಗೆ ಎಳ್ಳಷ್ಟೂ ಅನುಮಾನವಿಲ್ಲದ ಕಾಲಜೀವಿ! ಇದರ ಮುಂದೆ ಯಾವ ರಾಕ್ಷಸನೂ ಸಪ್ಪೆ.

ಕೊನೆಗೆ ಅದರ ಮಾತು. ಇಲ್ಲಿ ಕನ್ನಡದ ಕೈ ಮೇಲು, ಇಂಗ್ಲಿಷ್ ಕಥೆಗಳ ಧಾಟಿಯಲ್ಲಿ ಅದಕ್ಕೆ ಭವಿಷ್ಯವಾಣಿ ಹೇಳಿಸಬೇಡಿ. ನಮ್ಮ ವ್ಯಾಕರಣದ ಸಂಭಾವನಾರ್ಥಕ ರೂಪ ಇಂಥ ಜೀವಿಗೆ ಅಳತೆ ಕೊಟ್ಟು ಹೊಲಿಸಿದ ಹಾಗಿದೆ. ನಾಳೆಯ ಬಗ್ಗೆ ಅದು ‘ಸೇತುವೆ ಬೀಳುತ್ತದೆ’ ಅನ್ನಬಾರದು, ‘ಬಿದ್ದೀತು’ ಅನ್ನಬೇಕು. ಅಳಿಸಿಹೋದ ನಿನ್ನೆಯ ಬಗ್ಗೆ ಕೇಳಿದರೆ, ‘ಬಿದ್ದಿದ್ದೀತು’.