ಬರೆದುಕೊಟ್ಟವರು ಯಾರು ಅಂತೆ!

ನಿನ್ನೆ ಸಂಜೆ ಏರಿದ ಸಿಟ್ಟು ಇನ್ನೂ ಇಳಿದಿಲ್ಲ. ಬಳ್ಳಾರಿಯಲ್ಲಿ ಒಂದು ಕಿರುಚಿತ್ರ ತೋರಿಸಿದರು. ಸಿರುಗುಪ್ಪ ಕಡೆಯ ಹುಡುಗಿಯೊಬ್ಬಳು ತಾನೇ ಬರೆದು ತಾನೇ ನಟಿಸಿದ್ದು. ಮೊಬೈಲ್‌ನಲ್ಲೇ ಶೂಟಿಂಗ್. ಮನೆಯಲ್ಲಿ ಕೂತು ಜೀನ್ಸ್ ಪ್ಯಾಂಟಿನ ದಾರ ಕತ್ತರಿಸುವ ಹೆಂಗಸಿನ ಕಥೆ. ಅದರಲ್ಲೊಂದು ಸೀನ್ ಇದೆ. ಮಗನಿಗೆ ಅನ್ನ ಕಲಸೋಕೆ ತಟ್ಟೆಗೆ ಕೈ ಹಾಕುತ್ತಾಳೆ. ಬೆರಳ ತುದಿಯೆಲ್ಲ ನೀಲಿ, ತಿಕ್ಕಿ ತೊಳೆದರೂ ಉಗುರಿನ ಸಂದಿಯಲ್ಲಿ ಬಣ್ಣ ಹಾಗೇ ಇದೆ. ಹುಡುಗ ತಟ್ಟೆ ಎಳೆದುಕೊಂಡು "ಯವ್ವಾ, ನೀ ಕಲಸಬ್ಯಾಡ" ಅನ್ನುತ್ತಾನೆ. ಅವಳು ತುಟಿ ಪಿಟಕ್ಕೆನ್ನದೆ ಎದ್ದು ಚಮಚ ಹುಡುಕುತ್ತಾಳೆ. ಅಷ್ಟೇ. ನನಗಂತೂ ಗಂಟಲು ಕಟ್ಟಿತು.

ಮುಗಿದ ಮೇಲೆ ಹಿರಿಯರೊಬ್ಬರು ಮೈಕ್ ಹಿಡಿದರು.

"ಆಕ್ಟಿಂಗ್ ಚಲೋ ಮಾಡೀಯಮ್ಮ. ಸ್ಕ್ರಿಪ್ಟ್ ಯಾರು ಬರ್ಕೊಟ್ರು?"

"ನಾನೇ ಸರ್."

"ಅಲ್ಲಮ್ಮಾ, ಗೈಡ್ ಮಾಡಿದೋರು ಯಾರು ಅಂತ."

ಶಾಲು, ಹಾರ, ಫೋಟೊ. ಬ್ಯಾನರ್‌ನಲ್ಲೂ ಬರೀ 'ನಟಿ'.

ನಾನು ಅಮೆರಿಕದ ನಟಿ, ಚಿತ್ರಕಥೆಗಾರ್ತಿ ಬ್ರಿಟ್ ಮಾರ್ಲಿಂಗ್ ಹುಚ್ಚಿ ಅಂತ ನಿಮಗೆಲ್ಲ ಗೊತ್ತು. ಮತ್ತೆ ಶುರು ಮಾಡಿದಳು ಅನ್ನಬೇಡಿ, ಇವತ್ತು ಅವಳನ್ನು ಎಳೆದು ತರಲೇಬೇಕು. ಜಾರ್ಜ್‌ಟೌನ್ ಯೂನಿವರ್ಸಿಟಿಯಲ್ಲಿ ಅರ್ಥಶಾಸ್ತ್ರ ಓದಿ, ಗೋಲ್ಡ್‌ಮನ್ ಸ್ಯಾಕ್ಸ್ ಅನ್ನೋ ದೊಡ್ಡ ಬ್ಯಾಂಕಿನಲ್ಲಿ ಇಂಟರ್ನ್‌ಶಿಪ್ ಮಾಡಿ, ಆ ದಾರಿ ಬಿಟ್ಟು ಸಿನಿಮಾಕ್ಕೆ ಬಂದವಳು. (ಬ್ಯಾಂಕ್ ಕೌಂಟರ್‌ನಲ್ಲಿ ಕೂತಿರೋ ನನಗೆ ಅವಳ ಮೇಲೆ ಯಾಕೆ ಇಷ್ಟು ಪ್ರೀತಿ ಅಂತ ಈಗಲಾದರೂ ಗೊತ್ತಾಯ್ತಲ್ಲ!) ಲಾಸ್ ಏಂಜಲೀಸ್‌ನಲ್ಲಿ ಸಿಗುತ್ತಿದ್ದದ್ದು ಹಾರರ್ ಸಿನಿಮಾದ ಉಪಯೋಗವಿಲ್ಲದ ಪಾತ್ರಗಳು. ಒಲ್ಲೆ ಅಂದಳು. ಮಾಡುವಂಥ ಪಾತ್ರ ಯಾರೂ ಕೊಡದಿದ್ದರೆ ತಾನೇ ಬರೆದುಕೊಳ್ಳೋಣ ಅಂತ ಕೂತಳು. 2011ರ ಸನ್‌ಡ್ಯಾನ್ಸ್ ಚಿತ್ರೋತ್ಸವಕ್ಕೆ ಅವಳು ಸಹಲೇಖಕಿಯಾಗಿ ನಟಿಸಿದ ಎರಡು ಸಿನಿಮಾ ಒಟ್ಟಿಗೇ ಹೋದವು. 'ಅನದರ್ ಅರ್ಥ್', 'ಸೌಂಡ್ ಆಫ್ ಮೈ ವಾಯ್ಸ್'. ಎರಡನ್ನೂ ಫಾಕ್ಸ್ ಸರ್ಚ್‌ಲೈಟ್ ಅನ್ನೋ ಸಿನಿಮಾ ಕಂಪನಿ ಕೊಂಡುಕೊಂಡಿತು. 2013ರಲ್ಲಿ 'ದಿ ಈಸ್ಟ್' ಸಿನಿಮಾ, 2016ರಲ್ಲಿ ನೆಟ್‌ಫ್ಲಿಕ್ಸ್‌ಗೆ 'ದಿ ಓಎ' ಸರಣಿ. ಅದನ್ನು ಎರಡನೇ ಸೀಸನ್ನಿಗೇ ನಿಲ್ಲಿಸಿಬಿಟ್ಟರು. ಆ ಸಂಕಟ ಬೇರೆಯೇ ಬರೀತೀನಿ.

ಗೆಳೆಯರೊಬ್ಬರಿಗೆ ರಾತ್ರಿ ಇದನ್ನೇ ಹೇಳಿದರೆ, "ಅವಳೂ ಒಬ್ಬಳೇ ಬರೆದದ್ದಲ್ಲವಲ್ಲ, ನಿರ್ದೇಶಕರ ಜೊತೆ ಸೇರಿ ಬರೆದದ್ದು" ಅಂದರು. ಹೌದು ಸ್ವಾಮಿ. ಒಂದನ್ನು ಮೈಕ್ ಕೇಹಿಲ್ ಜೊತೆ, ಇನ್ನೊಂದನ್ನು ಜಾಲ್ ಬಾಟ್ಮಾಂಗ್ಲಿಜ್ ಜೊತೆ. ಇಬ್ಬರೂ ಕಾಲೇಜಿನ ಗೆಳೆಯರು. ಅದಕ್ಕೇನೀಗ? ಜೊತೆಗೆ ಕೂತು ಬರೆಯೋದು ಬೇರೆ, ಬರೆಸಿಕೊಳ್ಳೋದು ಬೇರೆ. ಕೇಹಿಲ್‌ಗೆ ಯಾರಾದರೂ "ಏನಪ್ಪಾ, ಆ ಹುಡುಗಿ ಬರ್ಕೊಟ್ಲಾ?" ಅಂತ ಮೈಕ್ ಹಿಡಿದು ಕೇಳ್ತಾರಾ? ಕೇಳಲ್ಲ. ನಾಲ್ಕು ಜನ ಗಂಡಸರು ಸೇರಿ ಬರೆದರೆ ಅದು ಟೀಮ್‌ವರ್ಕ್. ಹೆಂಗಸು ಒಬ್ಬಳೇ ಬರೆದರೂ ಹಿಂದೆ ಯಾರೋ ಇದ್ದಾರೆ!

ಇದೇ ಊರಿನಲ್ಲಿ ರಂಗನಟ ಬಳ್ಳಾರಿ ರಾಘವ ಹೆಣ್ಣಿನ ಪಾತ್ರಕ್ಕೆ ಹೆಣ್ಣುಮಕ್ಕಳೇ ಬರಲಿ ಅಂತ ನಿಂತವರು. ಅವರು ತೀರಿಕೊಂಡದ್ದು 1946ರಲ್ಲಿ. ಆಮೇಲೆ ರಂಗಭೂಮಿಗೆ ಸುಭದ್ರಮ್ಮ ಮನ್ಸೂರು ಬಂದರು. ಸಿನಿಮಾಕ್ಕೆ ನಮ್ಮ ಬಳ್ಳಾರಿಯಲ್ಲೇ ಹುಟ್ಟಿದ ಜಯಂತಿ ಹೋದರು. ಎಲ್ಲರಿಗೂ ಚಪ್ಪಾಳೆ ಹೊಡೆದೆವು. ಹೆಣ್ಣು ಬಣ್ಣ ಹಚ್ಚಿದರೆ ನಮಗೆ ಈಗ ಏನೂ ಅನಿಸಲ್ಲ. ಪೆನ್ನು ಹಿಡಿದರೆ ಮಾತ್ರ ಗೈಡ್ ಯಾರು ಅಂತ ಹುಡುಕಾಟ.

ನಿಜ ಹೇಳಲಾ? ಆ ಹುಡುಗಿ ಮೇಲೆ ನನಗೆ ಹೊಟ್ಟೆಕಿಚ್ಚೂ ಆಯ್ತು. ನನ್ನ ಬೀರುವಿನಲ್ಲೂ ಸೀರೆಗಳ ಕೆಳಗೆ ಒಂದು ಚಿತ್ರಕಥೆ ಬಿದ್ದಿದೆ. ಯಾರಿಗೂ ತೋರಿಸಿಲ್ಲ. ನಮ್ಮ ಮನೆಯವರಿಗೂ. ಅವರೇ ಮೊದಲು ಕೇಳುತ್ತಾರೆ, "ಎಲ್ಲಿಂದ ಹೊಡೆದೆ?" ಅಂತ.

ಅವಳು ಮಾತ್ರ ತಣ್ಣಗೆ ನಗುತ್ತಾ ನಿಂತಿದ್ದಳು. ಕೆಳಗಿಳಿದ ಮೇಲೆ ಬ್ಯಾಗಿನಿಂದ ಲಾಂಗ್ ನೋಟ್‌ಬುಕ್ ತೆಗೆದು ತೋರಿಸಿದಳು. ಆ ಚಮಚದ ಸೀನ್‌ಗೆ ಮೊದಲು ಉದ್ದನೆಯ ಡೈಲಾಗ್ ಇತ್ತಂತೆ. ಪುಟವಿಡೀ ಗೀಚಿ ಹೊಡೆದುಹಾಕಿದ್ದಾಳೆ. ಇದಕ್ಕಿಂತ ಸಾಕ್ಷಿ ಬೇಕಾ ಸರ್?

ಕೊಪ್ಪಳ, ರಾಯಚೂರು ಕಡೆಯ ಕಾಲೇಜಿನವರು ಯಾರಾದರೂ ಈ ಸಿನಿಮಾ ತೋರಿಸೋದಾದರೆ ಹೇಳಿ, ಅವಳನ್ನು ಕೇಳಿ ಕೊಡಿಸುತ್ತೇನೆ. ಬ್ಯಾನರ್‌ನಲ್ಲಿ ಕಥೆ, ಚಿತ್ರಕಥೆ, ಸಂಭಾಷಣೆ ಅಂತ ಅವಳ ಹೆಸರು ಮೊದಲು ಬರಬೇಕು, ನಟಿ ಅನ್ನೋದು ಆಮೇಲೆ. ಪ್ರಿಂಟ್‌ಗೆ ಕಳಿಸೋ ಮುಂಚೆ ನನಗೊಂದು ವಾಟ್ಸಾಪ್ ಮಾಡಿ. ಶಾಲು ಬೇಡ, ಬಸ್ ಚಾರ್ಜ್ ಕೊಡಿ.